ಶಂಕರಲಿಂಗಪ್ಪನ ತುಟಿ

ಶಂಕರಲಿಂಗಪ್ಪನ ಕೈ ಅವನ ಮಾತು ಕೇಳುತ್ತಿತ್ತು, ಕಾಲು ಕೇಳುತ್ತಿತ್ತು, ನೋವಿಲ್ಲದ ದಿನ ಮಂಡಿಯೂ ಕೇಳುತ್ತಿತ್ತು. ತುಟಿ ಮಾತ್ರ ಕೇಳುತ್ತಿರಲಿಲ್ಲ. ಎದುರಿಗೆ ಯಾರಾದರೂ ಬಾಯಿ ತೆರೆದರೆ ಸಾಕು, ಇವನ ತುಟಿ ತಾನಾಗಿಯೇ ಕುಣಿಯಲು ಶುರು. ಬ್ಯಾಂಕ್ ಮ್ಯಾನೇಜರು ಮಾತಾಡಿದರೆ ಮ್ಯಾನೇಜರಿನ ಮಾತು, ಕಂಡಕ್ಟರು ಕೂಗಿದರೆ ಕಂಡಕ್ಟರಿನ ಕೂಗು, ಒಂದೂ ಬಿಡದೆ ಇವನ ತುಟಿಯ ಮೇಲೆ ಸದ್ದಿಲ್ಲದೆ ಹಾದುಹೋಗುತ್ತಿತ್ತು. ಮಗಳನ್ನು ನೋಡಲು ಬಂದ ಮೊದಲ ಗಂಡಿನ ಅಪ್ಪ, ಈ ಮನುಷ್ಯ ನನ್ನನ್ನು ಅಣಕಿಸುತ್ತಿದ್ದಾನೆ ಎಂದು ಉಪ್ಪಿಟ್ಟು ಅರ್ಧಕ್ಕೇ ಬಿಟ್ಟು ಎದ್ದು ಹೋಗಿದ್ದ.

ಪಾಪ, ಅದು ಕಸುಬಿನಿಂದ ಅಂಟಿದ ರೋಗ. ಮಧುಗಿರಿಯಲ್ಲಿ ಗಂಗಾಧರಯ್ಯನದು ಡ್ರಾಮಾ ಸೀನರಿ ಅಂಗಡಿ. ಸುತ್ತಲ ಹಳ್ಳಿಗಳಲ್ಲಿ ಯಾರೇ ಪೌರಾಣಿಕ ನಾಟಕ ಕಲಿತು ಆಡಲಿ, ಪರದೆ, ಕಿರೀಟ, ಗದೆ, ಲೈಟು ಎಲ್ಲ ಅಲ್ಲಿಂದಲೇ ಬಾಡಿಗೆಗೆ ಹೋಗಬೇಕು. ಆ ಸಾಮಾನಿನ ಜೊತೆ ಟೆಂಪೋ ಹತ್ತುತ್ತಿದ್ದ ಇನ್ನೊಂದು ಸಾಮಾನು ಶಂಕರಲಿಂಗಪ್ಪ. ವಿಸಿಲ್ ಊದಿ ಪರದೆ ಎತ್ತುವುದು ಇವನ ಕೆಲಸ, ಇಳಿಸುವುದು ಇವನ ಕೆಲಸ, ಮಧ್ಯೆ ಪಾರ್ಟಿನವರು ಮಾತು ಮರೆತರೆ ಪಕ್ಕದ ಮರೆಯಲ್ಲಿ ನಿಂತು ಹೇಳಿಕೊಡುವುದೂ ಇವನ ಕೆಲಸ. ಮೊದಲೆಲ್ಲ ಪಿಸುಗುಟ್ಟಿದರೆ ನಡೆಯುತ್ತಿತ್ತು. ರಂಗದ ಮೇಲೆ ಸಾಲು ಮೈಕು ನೇತುಹಾಕುವ ಕಾಲ ಬಂದ ಮೇಲೆ, ರಾಜ ಆಡಬೇಕಾದ ಮಾತು ರಾಜನಿಗಿಂತ ಮೊದಲೇ ಊರಿಗೆಲ್ಲ ಕೇಳಿಸಿ ಮಾನ ಹೋಗತೊಡಗಿತು. ಆಗ ಶಂಕರಲಿಂಗಪ್ಪ ಉಸಿರೂ ಬಿಡದೆ ಬರೀ ತುಟಿಯಲ್ಲಿ ಮಾತು ಕೊಡುವುದನ್ನು ಕಲಿತ. ಪಾರ್ಟಿನವರು ಓರೆಗಣ್ಣಲ್ಲಿ ಅವನ ತುಟಿ ನೋಡುವುದು, ಜನದ ಕಡೆ ತಿರುಗಿ ಗುಡುಗುವುದು. ಸೀಮೆಗೆಲ್ಲ ಅದೇ ಪದ್ಧತಿಯಾಯಿತು.

ಹೀಗೆ ಗುಡುಗುವವರಲ್ಲಿ ಮೊದಲನೆಯವನು ಗೊಬ್ಬರದ ಅಂಗಡಿ ಪ್ರಸನ್ನಕುಮಾರ್. ಎತ್ತರದ ಆಳು, ಗಂಟಲು ನಗಾರಿ, ತಲೆ ಮಾತ್ರ ತೂತು ಬಿಂದಿಗೆ. ರಾಜನ ಪಾರ್ಟು ಬಿಟ್ಟು ಬೇರೆ ಪಾರ್ಟು ಮುಟ್ಟಿದವನಲ್ಲ, ರಾಜನ ಪಾರ್ಟಿನಲ್ಲಿ ಒಂದು ಮಾತನ್ನೂ ಬಾಯಿಪಾಠ ಮಾಡಿದವನಲ್ಲ. ನಾಟಕ ಮುಗಿದ ಮೇಲೆ ಹಾರ ಹಾಕಿಸಿಕೊಂಡು, ಮೈಕಿನ ಮುಂದೆ ನಿಂತು ವಂದನೆ ಹೇಳುತ್ತಿದ್ದ. ಹಾರ್ಮೋನಿಯಂ ಮೇಷ್ಟ್ರಿಗೆ ವಂದನೆ, ಸೀನರಿಯವರಿಗೆ ವಂದನೆ, ಜನರೇಟರಿನವನಿಗೂ ವಂದನೆ, ಕೊನೆಗೆ ಎರಡೂ ಕೈ ಎತ್ತಿ "ಇದೆಲ್ಲಾ ನಿಮ್ಮೆಲ್ಲರ ಆಶೀರ್ವಾದ." ಶಂಕರಲಿಂಗಪ್ಪನ ಹೆಸರು ಒಂದು ದಿನವೂ ಬಂದಿದ್ದಿಲ್ಲ. ಬರುವುದಾದರೂ ಹೇಗೆ? ಆ ವಂದನೆಯ ಮಾತನ್ನೂ ಮರೆಯಿಂದ ಕೊಡುತ್ತಿದ್ದವನು ಶಂಕರಲಿಂಗಪ್ಪನೇ. ತನ್ನ ಹೆಸರನ್ನು ತಾನೇ ಹೇಳಿಕೊಡುವುದು ಹೆಂಗೆ ಅನ್ನುವ ಸಂಕೋಚಕ್ಕೆ ಎಲ್ಲ ನುಂಗಿಕೊಂಡು, ಮನೆಗೆ ಬಂದು ಹೆಂಡತಿ ಸರಸಮ್ಮನ ಮುಂದೆ ಹೊಟ್ಟೆ ಉರಿದುಕೊಳ್ಳುತ್ತಿದ್ದ.

ಹಣೆಬರಹ ತಿರುಗಿದ್ದು ಸಿನಿಮಾದವರು ಹಳೇ ಅರಮನೆಯ ಪರದೆ ಬಾಡಿಗೆಗೆ ಕೇಳಿಕೊಂಡು ಬಂದಾಗ. ಪರದೆ ಬಿಚ್ಚಿ ತೋರಿಸಿದರೆ ಅವರು ಪರದೆ ನೋಡದೆ, ಅದನ್ನು ಹಿಡಿದು ನಿಂತವನ ಮುಖ ನೋಡಿದರು. ಆ ಕೆನ್ನೆಯ ಗುಳಿ, ಹಣೆಯ ಗೆರೆ, ಇಂಥ ಮುಖ ಮೇಕಪ್ಪಿನಲ್ಲಿ ಹುಟ್ಟೋದಿಲ್ಲ ಅಂದರು. ಮೊದಲು ಆಸ್ಪತ್ರೆ ಬೆಂಚಿನ ರೋಗಿ, ಆಮೇಲೆ ಬಸ್ಸಿನಲ್ಲಿ ತೂಕಡಿಸುವವನು, ಆಮೇಲೆ ಹೆಣದ ಹಿಂದೆ ನಡೆಯುವವನು. ಈ ಮೂರರಲ್ಲೂ ಎದುರಿಗೆ ನಿಂತು ಮಾತಾಡುವವರು ಯಾರೂ ಇರಲಿಲ್ಲವಾದ್ದರಿಂದ ತುಟಿಯ ಗುಟ್ಟು ರಟ್ಟಾಗಲಿಲ್ಲ.

ಈಗ ನಿರ್ದೇಶಕ ಮೋಹನ್ ಕುಮಾರ್ ತನ್ನ ಹೊಸ ಸಿನಿಮಾದಲ್ಲಿ ಊರ ಗೌಡನ ಪಾತ್ರವನ್ನೇ ಕೊಟ್ಟಿದ್ದ. ಮಾತುಂಟು, ಮೀಸೆಯುಂಟು, ಕ್ಲೈಮ್ಯಾಕ್ಸಿನವರೆಗೂ ಬರುವ ಪಾತ್ರ. ಆದರೆ ಮೊದಲ ದಿನದ ಸೀನು ನೋಡಿ ಆಮೇಲೆ ಗಟ್ಟಿ ಮಾಡೋಣ ಎಂದು ಒಂದು ಕೊಕ್ಕೆ ಇಟ್ಟಿದ್ದ. ಆ ಮೊದಲ ದಿನ ಇವತ್ತು.

ಬೆಳಿಗ್ಗೆ ಸರಸಮ್ಮ ಮುದ್ದೆ ತಿರುವುತ್ತಾ ಪಕ್ಕದ ಮನೆ ದಾಸಮ್ಮನ ಕತೆ ಹೇಳುತ್ತಿದ್ದಳು. ತಿರುಗಿ ನೋಡಿದರೆ ಗಂಡನ ತುಟಿಯೂ ದಾಸಮ್ಮನ ಕತೆ ಹೇಳುತ್ತಿತ್ತು. ಅವಳು ಮುದ್ದೆಕೋಲು ಕೆಳಗಿಟ್ಟಳು.

"ಏನೂಂದ್ರೆ, ಅಲ್ಲೋಗಿ ಇಂಗೇ ಮಾಡಿದ್ರೆ ಆ ಪಾರ್ಟೂ ಓಯ್ತದೆ ಅಷ್ಟೇ. ತುಟಿ ಬಿಗಿ ಇಡ್ಕಂಡು ಕುಂತ್ಕಳಿ."

"ಅಲ್ಲಾಡಲ್ಲ ಕಣೇ ಇವತ್ತು," ಅಂದ ಶಂಕರಲಿಂಗಪ್ಪ. ಅವಳು ಅಂದದ್ದರಲ್ಲಿ ಅರ್ಧ ಮಾತು ಆಗಲೇ ಅವನ ತುಟಿಯ ಮೇಲೆ ಹೋಗಿಯಾಗಿತ್ತು.

ದಾರಿಯಲ್ಲಿ ಸೀನರಿ ಅಂಗಡಿಗೆ ಹೊಕ್ಕು, ಕೊರಳಲ್ಲಿದ್ದ ವಿಸಿಲ್ ತೆಗೆದು ಗಂಗಾಧರಯ್ಯನ ಮೇಜಿನ ಮೇಲಿಟ್ಟ. ಇನ್ನು ಮೇಲೆ ಮರೆಯಲ್ಲಿ ನಿಲ್ಲುವವನು ನಾನಲ್ಲ, ಬೇರೆಯವರನ್ನು ನೋಡಿಕೊಳ್ಳಿ ಎಂದು ನಾಲ್ಕು ಜನ ಕೇಳುವ ಹಾಗೆ ಹೇಳಿದ. ಗಂಗಾಧರಯ್ಯ ಹಳೇ ಆಸಾಮಿ, ಎಷ್ಟೋ ರಾಜರ ಕಿರೀಟ ಬಿಚ್ಚಿ ಪೆಟ್ಟಿಗೆಗೆ ತುಂಬಿದವನು. ವಿಸಿಲನ್ನು ಪಂಚೆಯ ಅಂಚಿನಲ್ಲಿ ಒರೆಸಿ ಜೇಬಿಗೆ ಹಾಕಿಕೊಂಡು, "ಆಗ್ಲಿ ಕಣ್ಲಾ, ಒಳ್ಳೇದಾಗ್ಲಿ. ಇದು ನನ್ ಜೇಬಲ್ಲೇ ಇರ್ತದೆ," ಅಂದ. ಆ ಕೊನೆಯ ಮಾತು ಶಂಕರಲಿಂಗಪ್ಪನಿಗೆ ಹಿಡಿಸಲಿಲ್ಲ.

ಶೂಟಿಂಗು ಬೆಟ್ಟದ ಹಿಂಬದಿಯ ಒಂದು ಹಳ್ಳಿಯ ಅರಳಿಕಟ್ಟೆಯಲ್ಲಿ. ಅಲ್ಲಿ ಇಳಿದು ನೋಡಿದರೆ ಕ್ಯಾಮೆರಾದವರಿಗಿಂತ ಮುಂಚೆ ಮಧುಗಿರಿಯ ಕಲಾವಿದರೆಲ್ಲ ಬಂದು ನೆರಳು ಹಿಡಿದು ಕೂತಿದ್ದರು. ನಡುವೆ ಪ್ರಸನ್ನಕುಮಾರ್, ಗರಿಗರಿ ಜುಬ್ಬ, ಕಪ್ಪು ಕನ್ನಡಕ. ಪರದೆ ಎಳೆಯುವವನಿಗೆ ಸಿನಿಮಾ ಸಿಕ್ಕಿದ್ದು ಅವರ್ಯಾರಿಗೂ ನುಂಗಲಾರದ ತುತ್ತು. ಆದರೂ ಒಬ್ಬೊಬ್ಬರೂ ಬಂದು ಬುದ್ಧಿ ಹೇಳಿದರು. ಎದೆ ಉಬ್ಬಿಸು ಅಂದರು, ಎದೆ ಉಬ್ಬಿಸಬೇಡ ಅಂದರು, ಕ್ಯಾಮೆರಾ ನೋಡು ಅಂದರು, ಕ್ಯಾಮೆರಾ ನೋಡಿದರೆ ಕೆಟ್ಟೆ ಅಂದರು. ಪ್ರಸನ್ನಕುಮಾರ್ ಹೆಗಲ ಮೇಲೆ ಕೈ ಹಾಕಿ, "ಶಂಕ್ರಣ್ಣ, ಡೈಲಾಗ್ ಮರ್ತೋದ್ರೆ ನನ್ ಕಡೆ ನೋಡು, ನಾನು ಕೊಡ್ತೀನಿ," ಅಂದ. ಶಂಕರಲಿಂಗಪ್ಪನಿಗೆ ಮೈಯೆಲ್ಲ ಉರಿದುಹೋಯಿತು.

ಅಲ್ಲಿ ಅವನ ಪಾಲಿಗೆ ಇದ್ದ ಒಬ್ಬನೇ ನೆಂಟನೆಂದರೆ ಸಿರಾದ ಇಸಾಕ್ ಸಾಬ್ರು. ನಾಟಕಕ್ಕೆ ಬಣ್ಣ ಹಚ್ಚುವ ಕೈ, ಈಗ ಸಿನಿಮಾದವರಿಗೂ ಮೀಸೆ ಅಂಟಿಸಲು ಬಂದಿದ್ದರು. ರುಮಾಲು ಸುತ್ತಿ, ಮೀಸೆ ಒತ್ತಿ, "ಫಿಕರ್ ಮಾಡ್ಬೇಡಿ ಭಾಯ್, ಅಸಲಿ ಗೌಡ್ರೇ ನಿಮ್ ಮುಂದೆ ನಕಲಿ ಅನ್ಬೇಕು," ಎಂದು ಕಳಿಸಿದರು.

ಸೀನು ಇಷ್ಟೇ. ಗೌಡ ಕಟ್ಟೆಯ ಮೇಲೆ ಕೂತಿರುತ್ತಾನೆ. ಹೀರೋ ಎದುರಿಗೆ ನಿಂತು, ತನ್ನಪ್ಪ ತೋಡಿದ ಬಾವಿಯ ನೀರನ್ನು ತನ್ನವ್ವನಿಗೆ ಬಿಡಿ ಎಂದು ಉದ್ದಕ್ಕೆ ಕೇಳುತ್ತಾನೆ. ಅಷ್ಟು ಹೊತ್ತೂ ಗೌಡ ಬಂಡೆಯ ಹಾಗೆ ಕದಲದೆ ಇದ್ದು, ಕೊನೆಗೆ ಹೇಳಬೇಕು: "ಈ ಬೆಟ್ಟ ಅಲುಗಾಡಿದ್ರೂ ನನ್ ಮಾತು ಅಲುಗಾಡಲ್ಲ. ಊರು ಬುಟ್ಟು ಹೋಗು." ಈ ಸಿನಿಮಾದಲ್ಲಿ ಮಾತನ್ನು ಆಮೇಲೆ ಸ್ಟುಡಿಯೋದಲ್ಲಿ ಸೇರಿಸುವ ಪದ್ಧತಿ ಇಲ್ಲ, ಅಲ್ಲಿ ಆಡಿದ್ದೇ ರೆಕಾರ್ಡು, ಆದ್ದರಿಂದ ಯಾರೂ ಕೆಮ್ಮಬಾರದು, ಪಕ್ಕದಿಂದ ಯಾರೂ ಮಾತು ಹೇಳಿಕೊಡಬಾರದು ಎಂದು ಸಹಾಯಕಿ ಭುವನಾ ಎಲ್ಲರಿಗೂ ಎಚ್ಚರಿಕೆ ಕೊಟ್ಟಳು. ಹೀರೋ ಹೈದರಾಬಾದಿನ ಕಡೆಯ ಹುಡುಗ. ಬೆಳ್ಳಗೆ, ಎತ್ತರಕ್ಕೆ, ಒಳ್ಳೆಯವನೇ. ಕನ್ನಡ ಮಾತ್ರ ಅವನಿಗೆ ಚಪ್ಪಲಿಯೊಳಗಿನ ಕಲ್ಲು. ಬಂದ ತಕ್ಷಣ ಶಂಕರಲಿಂಗಪ್ಪನ ಕೈ ಹಿಡಿದು, ತನಗೆ ಭಯ ಎಂದು ತೆಲುಗಿನಲ್ಲಿ ಹೇಳಿಕೊಂಡ. ಇಡೀ ಸೀನನ್ನು ಒಂದೇ ಸಲ ಓದಿ ಬಾಯಿಪಾಠ ಮಾಡಿಕೊಂಡಿದ್ದ ಶಂಕರಲಿಂಗಪ್ಪ, ಏನೂ ಆಗಲ್ಲಪ್ಪ ಎಂದು ಧೈರ್ಯ ಹೇಳಿದ.

ಕ್ಯಾಮೆರಾ ಓಡಿತು. ಹೀರೋ ಶುರು ಮಾಡಿದ. ನೀರು ಕುಡಿದ ಹಾಗೆ ಒಂದು ತೊದಲಿಲ್ಲದೆ ಇಡೀ ಮಾತು ಮುಗಿಸಿದ. ಶಂಕರಲಿಂಗಪ್ಪ ತನ್ನ ಮಾತಿಗೆ ಬಾಯಿ ತೆರೆಯಬೇಕು, ಅಷ್ಟರಲ್ಲಿ ಮೋಹನ್ ಕುಮಾರ್ ಮಾನಿಟರಿನ ಹಿಂದಿನಿಂದ ಎದ್ದು ಬಂದ.

"ಯಜಮಾನ್ರೇ, ಡೈಲಾಗ್ ಅವರದ್ದು. ನೀವ್ಯಾಕೆ ಜಪ ಮಾಡ್ತಿದೀರಿ?"

ಎರಡನೇ ಸಲವೂ ಅದೇ, ಮೂರನೇ ಸಲವೂ ಅದೇ. ಹೀರೋ ಮಾತ್ರ ಪ್ರತಿ ಸಲವೂ ಸೊಗಸಾಗಿ ಆಡಿದ. ಆ ಹುಡುಗ ಪರದೇಶದವನಾಗಿ ಹೆಂಗೆ ಒಪ್ಪಿಸ್ತಾನೆ ನೋಡು, ನಮ್ಮವನೇ ಎಲ್ಲ ಕೆಡಿಸ್ತಾನೆ ಎಂದು ಕಲಾವಿದರ ಬಳಗ ಕೇಳುವಂತೆಯೇ ಗೊಣಗಿತು. ಶಂಕರಲಿಂಗಪ್ಪನ ಎದೆ ಒಡೆದು ನೀರಾಯಿತು. ತುಟಿಯನ್ನು ಒಳಗೆಳೆದು ಹಲ್ಲಲ್ಲಿ ಕಚ್ಚಿ ಹಿಡಿದ. ನಾಲ್ಕನೇ ಸಲ ಅದು ಕಚ್ಚಿದ ಹಲ್ಲಿನಿಂದಲೇ ಜಾರಿಕೊಂಡು ಬಂದು ತನ್ನ ಕೆಲಸ ಮಾಡಿತು.

ಇಸಾಕ್ ಸಾಬ್ರು ಓಡಿ ಬಂದು ತುಟಿಯೇ ಕಾಣದ ಹಾಗೆ ಇನ್ನೂ ದಪ್ಪ ಮೀಸೆ ಅಂಟಿಸಿದರು. ಆಗ ಮಾತಿಗೆ ತಕ್ಕ ಹಾಗೆ ಮೀಸೆ ಅಳಿಲಿನ ಬಾಲದಂತೆ ಏಳುವುದೂ ಬೀಳುವುದೂ ಆಯಿತು. ಕ್ಯಾಮೆರಾದವನೇ ನಗು ತಡೆಯಲಾರದೆ ಅಲುಗಾಡಿಬಿಟ್ಟ. ಮೋಹನ್ ಕುಮಾರ್ ತಲೆಯ ಮೇಲೆ ಕೈ ಹೊತ್ತು ಕೂತ.

"ಇದಕ್ಕೆ ಒಂದೇ ದವಾ," ಅಂದರು ಸಾಬ್ರು. ಬಾಯಿಗೆ ಬೇರೆ ಕೆಲಸ ಕೊಟ್ಟರೆ ತಾನೇ ತುಟಿ ಸುಮ್ಮನಿರೋದು? ತಮ್ಮ ಚೀಲದಿಂದ ಎಲೆಯಡಿಕೆ ತೆಗೆದು, ಸುಣ್ಣ ಸವರಿ, ಎರಡು ದವಡೆಗೂ ತುಂಬಿದರು. ಗೌಡ ಅಂದ ಮೇಲೆ ಎಲೆಯಡಿಕೆ ಹಾಕಿಕೊಳ್ಳುವುದು ಸಹಜವೇ ಆದ್ದರಿಂದ ಮೋಹನ್ ಕುಮಾರನೂ ಒಪ್ಪಿದ. ಕ್ಯಾಮೆರಾ ಓಡಿತು. ಶಂಕರಲಿಂಗಪ್ಪನ ದವಡೆ ಎಮ್ಮೆಯಂತೆ ನಿಧಾನಕ್ಕೆ ಆಡುತ್ತಿತ್ತು, ಕಣ್ಣು ನೆಟ್ಟಿತ್ತು, ತುಟಿಗೆ ಬಿಡುವೇ ಇರಲಿಲ್ಲ. ಮೋಹನ್ ಕುಮಾರನ ಮುಖ ಮೊದಲ ಸಲ ಅರಳಿತು.

ಅರಳಿದ್ದು ಅಷ್ಟರಲ್ಲೇ ಬಾಡಿತು. ಹೀರೋ ಎರಡನೇ ಮಾತಿಗೇ ತೊದಲಿದ. ಮತ್ತೆ ಶುರು ಮಾಡಿದರೆ ಮತ್ತೆ ಅಲ್ಲೇ ನಿಂತ. ಬಿಸಿಲು ಜಾಸ್ತಿ, ಪಾಪ, ಎಂದು ಛತ್ರಿ ಹಿಡಿದರು, ಎಳನೀರು ಕುಡಿಸಿದರು. ಅಷ್ಟು ಹೊತ್ತೂ ಶಂಕರಲಿಂಗಪ್ಪನ ಬಾಯಲ್ಲಿ ರಸ ತುಂಬುತ್ತಲೇ ಇತ್ತು. ಉಗುಳಲು ಎದ್ದರೆ ಕೂತ ಜಾಗ ಬದಲಾಗುತ್ತದೆ, ಏಳಬೇಡಿ ಎಂದು ಭುವನಾ ಗದರಿದಳು. ನುಂಗಿದರೆ ತಲೆ ತಿರುಗುತ್ತದೆ. ಕೊನೆಗೂ ಹೀರೋ ಕುಂಟುತ್ತಾ ಎಡವುತ್ತಾ ಮಾತು ಮುಗಿಸಿದ. ಇಷ್ಟು ವರ್ಷ ಕಾದ ಗಳಿಗೆ ಬಂತೆಂದು ಶಂಕರಲಿಂಗಪ್ಪ ಎದೆ ತುಂಬ ಉಸಿರೆಳೆದು, "ಈ ಬೆಟ್ಟ," ಅಂದ.

ಆ ಎರಡು ಮಾತಿನ ಜೊತೆ ಬಾಯಲ್ಲಿದ್ದದ್ದೆಲ್ಲ ಹೊರಟು ಹೀರೋನ ಬಿಳಿ ಅಂಗಿಯ ಮೇಲೆ ಓಕುಳಿಯಾಯಿತು.

ಆಮೇಲಿನ ಗಲಾಟೆ ಹೇಳುವುದೇ ಬೇಡ. ಅಂಗಿ ಬಿಚ್ಚಿಸಿ ಒಬ್ಬರು ಬಾವಿಗೆ ಓಡಿದರು. ಮ್ಯಾನೇಜರು ಬಾಯಿಗೆ ಬಂದಂತೆ ಬೈದ. ಪ್ರಸನ್ನಕುಮಾರ್ ಕನ್ನಡಕ ತೆಗೆದು ಭುವನಾಳ ಹತ್ತಿರ ಹೋಗಿ, ತಾನೂ ಕಲಾವಿದ, ರಾಜನ ಪಾರ್ಟಿನಲ್ಲಿ ಬಹುಮಾನ ತಗೊಂಡವನು, ಒಂದು ಮಾತು ಹೇಳಿದರೆ ಸಾಕು ನಿಂತ ಕಾಲಲ್ಲೇ ಸಿದ್ಧ ಎಂದು ವಿನಯದಿಂದ ತಿಳಿಸಿದ. ಶಂಕರಲಿಂಗಪ್ಪ ಕಟ್ಟೆಯ ಮೇಲೆ ಒಬ್ಬನೇ ಕೂತಿದ್ದ. ಎದ್ದು ಮನೆಗೆ ಹೋದರೆ ನಾಳೆಯಿಂದ ಮತ್ತೆ ಮರೆಯೇ ಗತಿ, ಅದೂ ವಿಸಿಲ್ ವಾಪಸ್ ಕೇಳಿದ ಮೇಲೆ. ನಾಚಿಕೆ ಬಿಟ್ಟು ಮೋಹನ್ ಕುಮಾರನ ಮುಂದೆ ಕೈ ಮುಗಿದ.

"ಸಾರ್, ಒಂದೇ ಒಂದ್ಸಲ. ನನ್ ತುಟಿ ಅಲ್ಲಾಡಿದ್ರೆ ನಾನೇ ಎದ್ದೋಯ್ತೀನಿ. ನನ್ ಮುಖ ಜನ ನೋಡ್ಲಿ ಅಂತ ಒಂದಾಸೆ, ಅಷ್ಟೇ ಸಾರ್."

ಅವನ ಕಣ್ಣಲ್ಲಿ ನೀರು ನೋಡಿ ಮೋಹನ್ ಕುಮಾರ್ ಕರಗಿದ. ಅಂಗಿ ಒಣಗಿತು, ರುಮಾಲು ಸರಿಯಾಯಿತು, ಮೊದಲಿನ ಮೀಸೆ ಬಂತು. ಶಂಕರಲಿಂಗಪ್ಪ ಮನೆದೇವರನ್ನು ನೆನೆದು, ದವಡೆಯನ್ನು ಬೀಗ ಹಾಕಿದ ಹಾಗೆ ಬಿಗಿದು, ಹೀರೋನ ಮುಖವನ್ನೇ ನೋಡದೆ ಅವನ ಕಿವಿಯ ಮೇಲೆ ಕಣ್ಣು ನೆಟ್ಟ. ಅಬ್ಬಾ, ತುಟಿ ನಿಂತಿತು. ಎದುರಿಗಿದ್ದ ಬೆಟ್ಟವಾದರೂ ಗಾಳಿಗೆ ಒಂದಿಷ್ಟು ಕದಲೀತು, ಆ ತುಟಿ ಕದಲಲಿಲ್ಲ.

ಹೀರೋ ಬಾಯಿ ತೆರೆದ. "ಗೌಡ್ರೇ," ಅಂದ. ಅಷ್ಟೇ. ಮುಂದೆ ಮಾತಿಲ್ಲ. ಹುಬ್ಬು ಹಾರಿಸಿದ, ಕತ್ತು ಚಾಚಿದ, ಬಗ್ಗಿ ಬಗ್ಗಿ ಶಂಕರಲಿಂಗಪ್ಪನ ಮುಖ ನೋಡಿದ. ದಾರಿ ತಪ್ಪಿದ ಮಗುವಿನ ಹಾಗಿದ್ದ ಆ ಮುಖವನ್ನು ಶಂಕರಲಿಂಗಪ್ಪ ಓರೆಗಣ್ಣಲ್ಲಿ ಕಂಡ. ಅದು ಅವನಿಗೆ ಪರಿಚಯದ ಮುಖ. ಮರೆಯಲ್ಲಿ ನಿಂತು ಎಷ್ಟೋ ರಾಜರಲ್ಲಿ, ಎಷ್ಟೋ ಮಂತ್ರಿಗಳಲ್ಲಿ ಅದನ್ನು ನೋಡಿದ್ದ. ತಡೆಯಲಾಗಲಿಲ್ಲ. ತುಟಿ ಒಂಚೂರು ಅಲ್ಲಾಡಿತು. ಮರುಗಳಿಗೆಯೇ ಹೀರೋ ತೂಬು ಕಿತ್ತ ಕೆರೆಯಂತೆ ಸುರಿಸಿಕೊಂಡು ಹೋದ.

ಮೋಹನ್ ಕುಮಾರ್ ಈ ಸಲ ಕಟ್ ಅನ್ನಲಿಲ್ಲ. ಮಾನಿಟರಿಗೆ ಮೂಗು ಅಂಟಿಸಿ ಒಮ್ಮೆ ಇವನ ತುಟಿ, ಒಮ್ಮೆ ಅವನ ಬಾಯಿ ನೋಡಿದ. ಇಡೀ ದಿನ ನಡೆದದ್ದೇ ಇದು, ತುಟಿ ಮುಂದೆ, ಮಾತು ಹಿಂದೆ. ಹೀರೋನೇ ಬಂದು ಒಪ್ಪಿಕೊಂಡ. "ಸಾರ್, ಈ ಪೆದ್ದಾಯನ ಪೆದಾಲು ಚೂಸೇ ನೇನು ಚೆಪ್ತುನ್ನಾ. ಸಿನಿಮಾ ಅಂತಾ ಈಯನ ನಾಕು ಕಾವಾಲಿ." ಪಾವಗಡದ ಕಡೆಯ ಲೈಟಿನವನೊಬ್ಬ ಎಲ್ಲರಿಗೂ ಬಿಡಿಸಿ ಹೇಳಿದ: ಈ ಹಿರಿಯರ ತುಟಿ ನೋಡಿಕೊಂಡೇ ನಾನು ಮಾತಾಡುತ್ತಿದ್ದೆ, ಇಡೀ ಸಿನಿಮಾಕ್ಕೆ ನನಗೆ ಇವರು ಬೇಕು.

ಇಸಾಕ್ ಸಾಬ್ರು ಶಂಕರಲಿಂಗಪ್ಪನನ್ನು ತಬ್ಬಿಕೊಂಡರು. ಬೈದ ಮ್ಯಾನೇಜರೇ ಕುರ್ಚಿ ತಂದು ಹಾಕಿದ. ಪ್ರಸನ್ನಕುಮಾರ್ ಕನ್ನಡಕ ಹಾಕಿಕೊಂಡು ಬೆಟ್ಟದ ಕಡೆ ನೋಡತೊಡಗಿದ. ಶಂಕರಲಿಂಗಪ್ಪ ಮನೆಗೆ ಫೋನು ಮಾಡಿ, "ಪೂರ್ತಿ ಸಿನಿಮಾ ಕಣೇ ಸರಸೂ, ಪೂರ್ತಿ," ಅಂದ. ಆ ಕಡೆ ಸರಸಮ್ಮ ಫೋನು ಇಡುವ ಮುಂಚೆಯೇ ದಾಸಮ್ಮನಿಗೆ ಕೂಗಿ ಹೇಳಿದ್ದು ಇವನಿಗೆ ಕೇಳಿಸಿತು. ಇನ್ನು ಬೀದಿಗೆಲ್ಲ ಗೊತ್ತಾದ ಹಾಗೆಯೇ.

ಆಗ ಮೋಹನ್ ಕುಮಾರ್ ಪಕ್ಕದಲ್ಲಿ ಬಂದು ಕೂತು, ಬಹಳ ಮರ್ಯಾದೆಯಿಂದ ವಿಷಯ ಹೇಳಿದ. ಹೀರೋಗೆ ನಿಮ್ಮ ತುಟಿ ಬೇಕೇ ಬೇಕು. ಆದರೆ ನಿಮ್ಮ ತುಟಿ ಕ್ಯಾಮೆರಾಕ್ಕೆ ಕಂಡರೆ ಸಿನಿಮಾ ಕೆಟ್ಟಿತು. ಆದ್ದರಿಂದ ನೀವು ಕ್ಯಾಮೆರಾದ ಪಕ್ಕ, ಬೆಳಕು ತಡೆಯಲು ಕಟ್ಟಿದ ಈ ಕಪ್ಪು ಬಟ್ಟೆಯ ಹಿಂದೆ, ಮುಖ ಮಾತ್ರ ಹೀರೋಗೆ ಕಾಣುವ ಹಾಗೆ ಕೂತುಕೊಳ್ಳಿ. ಸಂಬಳ ಗೌಡನ ಪಾತ್ರಕ್ಕಿಂತ ಜಾಸ್ತಿ, ಊಟ ಹೀರೋನ ಕ್ಯಾರಿಯರಿನಲ್ಲಿ. ಗೌಡನ ಪಾತ್ರಕ್ಕೆ ಈಗಿಂದೀಗ ಯಾರನ್ನಾದರೂ ನೋಡಬೇಕು, ಬಿಸಿಲು ಇಳಿಯುತ್ತಾ ಇದೆ. ಅಷ್ಟು ಹೇಳಿ ಕತ್ತೆತ್ತಿದರೆ ಎದುರಿಗೇ ಪ್ರಸನ್ನಕುಮಾರ್ ಕನ್ನಡಕ ಮಡಿಚಿ ನಿಂತಿದ್ದ.

ಇಸಾಕ್ ಸಾಬ್ರು ಶಂಕರಲಿಂಗಪ್ಪನ ತಲೆಯಿಂದ ರುಮಾಲು ತೆಗೆದು ಪ್ರಸನ್ನಕುಮಾರನಿಗೆ ಇಟ್ಟರು. ಮೀಸೆ ಕಿತ್ತು ಅವನಿಗೆ ಅಂಟಿಸಿದರು. ಮೀಸೆ ಕೀಳುವಾಗ, ನೋವಾಯ್ತಾ ಭಾಯ್ ಎಂದು ಕೇಳಿದರು. ಶಂಕರಲಿಂಗಪ್ಪ ಇಲ್ಲ ಅಂದ. ಅದು ಸುಳ್ಳು, ಮೀಸೆಯ ಜಾಗ ಬಿಟ್ಟು ಉಳಿದೆಲ್ಲ ಕಡೆ ನೋವಾಗಿತ್ತು.

ಕಪ್ಪು ಬಟ್ಟೆಯ ಹಿಂದೆ ಕೂತ. ಹೀರೋನ ಮಾತು ಕೊಟ್ಟ. ಅದು ಮುಗಿದ ಮೇಲೆ ಗೌಡ "ಈ ಬೆಟ್ಟ," ಎಂದು ಗುಡುಗಿ, ಎಂದಿನ ಹಾಗೆ ಅಲ್ಲೇ ನಿಂತು, ಎಂದಿನ ಹಾಗೆ ಓರೆಗಣ್ಣಲ್ಲಿ ಮರೆಯ ಕಡೆ ನೋಡಿದ. ಶಂಕರಲಿಂಗಪ್ಪನಿಗೆ ಯೋಚನೆ ಮಾಡಲೂ ಪುರಸೊತ್ತು ಸಿಗಲಿಲ್ಲ. ತುಟಿ ಉಳಿದ ಮಾತನ್ನು ಕೊಟ್ಟಾಗಿತ್ತು. ಮೋಹನ್ ಕುಮಾರ್ ಓಕೆ ಎಂದು ಕೂಗಿದ. ಜನವೆಲ್ಲ ಚಪ್ಪಾಳೆ ತಟ್ಟಿದರು.

ಅಷ್ಟರಲ್ಲಿ ಆಟೋ ತುಂಬ ಬೀದಿಯವರು ಬಂದಿಳಿದರು. ಸರಸಮ್ಮ, ದಾಸಮ್ಮ, ಕೈಯಲ್ಲಿ ದೊಡ್ಡ ಹಾರ ಹಿಡಿದ ಗಂಗಾಧರಯ್ಯ. ರುಮಾಲು ಇರುವ ತಲೆಗೇ ಹಾರ ಹಾಕುವುದು ಗಂಗಾಧರಯ್ಯನಿಗೆ ಜೀವಮಾನದ ಅಭ್ಯಾಸ. ಹಿಂದೆ ಮುಂದೆ ನೋಡದೆ ಪ್ರಸನ್ನಕುಮಾರನ ಕೊರಳಿಗೆ ಹಾಕಿಬಿಟ್ಟ. ಆಮೇಲೆ ಕಪ್ಪು ಬಟ್ಟೆಯ ಹಿಂದೆ ಕೂತವನನ್ನು ಕಂಡು, ಜೇಬಿನಿಂದ ವಿಸಿಲ್ ತೆಗೆದು ಅವನ ಮಡಿಲಲ್ಲಿಟ್ಟ. ಸರಸಮ್ಮ ಗಂಡನ ಮುಖ ನೋಡಿ ಸೆರಗಿನಿಂದ ತನ್ನ ಬಾಯಿ ಮುಚ್ಚಿಕೊಂಡಳು.

ತುಮಕೂರಿನ ಒಂದು ಯೂಟ್ಯೂಬ್ ಚಾನೆಲಿನವರು ಮೈಕು ಹಿಡಿದು ಪ್ರಸನ್ನಕುಮಾರನನ್ನು ಸುತ್ತುವರಿದರು. ಅವನು ಎದೆಯುಬ್ಬಿಸಿ ನಿರ್ದೇಶಕರಿಗೆ ವಂದನೆ ಹೇಳಿದ, ಹೀರೋಗೆ ವಂದನೆ ಹೇಳಿದ, ಜನರೇಟರಿನವನಿಗೂ ಹೇಳಿದ. "ಇವತ್ತು ನಾನು ಈ ಮಟ್ಟಕ್ಕೆ ಬಂದಿದೀನಿ ಅಂದ್ರೆ ಅದಕ್ಕೆ ಕಾರಣ..." ಎಂದು ನಿಂತ. ಮುಂದಿನದು ಮರೆತಿತ್ತು. ಕಣ್ಣು ಮೆಲ್ಲಗೆ ಕಪ್ಪು ಬಟ್ಟೆಯ ಕಡೆ ಜಾರಿತು.

ಶಂಕರಲಿಂಗಪ್ಪ ಅದನ್ನು ಕಂಡ. ಸಂಕೋಚ ಇವತ್ತಿಗೆ ತೀರಿತು ಅಂದುಕೊಂಡ. ಏನು ಕೊಟ್ಟರೆ ಅದನ್ನು ಒದರುವ ಬಾಯಿ ಅದು. ತನ್ನ ಹೆಸರು ಕೊಟ್ಟರೆ ತನ್ನ ಹೆಸರನ್ನೇ ಒದರುತ್ತದೆ, ಸರಸಮ್ಮನ ಮುಂದೆ, ಇಡೀ ಬೀದಿಯ ಮುಂದೆ. ಮನಸ್ಸಿನಲ್ಲಿ ತನ್ನ ಹೆಸರನ್ನು ಅಕ್ಷರ ಅಕ್ಷರವಾಗಿ ಜೋಡಿಸಿಕೊಂಡು, ಎದ್ದು ನಿಂತು, ಬಾಯಿ ತೆರೆದ.

ತುಟಿ ಯಾವತ್ತು ಅವನ ಮಾತು ಕೇಳಿತ್ತು?

ಪ್ರಸನ್ನಕುಮಾರ್ ಎರಡೂ ಕೈ ಮೇಲೆತ್ತಿ, ಒಂದು ತೊದಲಿಲ್ಲದೆ, "ಇದೆಲ್ಲಾ ನಿಮ್ಮೆಲ್ಲರ ಆಶೀರ್ವಾದ," ಅಂದ.